ಅನ್ನಪಾನನಿರೋಧ

ಅಹಿಂಸಾಣುವ್ರತವನ್ನು ಕೈಗೊಂಡ ಗೃಹಸ್ಥನಿಗೆ ಸಂಭವಿಸಬಹುದಾದ ಅತಿಚಾರಗಳನ್ನು ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಐದೆಂದು ಎಣಿಸಲಾಗಿದೆ. ಕಟ್ಟಿಹಾಕುವುದು, ಹೊಡೆಯುವುದು, ಅಂಗಗಳನ್ನು ಕತ್ತರಿಸುವುದು, ಶಕ್ತಿಮೀರಿದ ಹೊರೆಯನ್ನು ಹೇರುವುದು ಎಂಬ ನಾಲ್ಕರ ಬಳಿಕ ಬರುವ ಐದನೆಯದೇ ಅನ್ನಪಾನನಿರೋಧ, ಎಂದರೆ ಆಶ್ರಿತ ಜೀವಿಯ ಆಹಾರ ನೀರುಗಳನ್ನು ತಡೆಯುವುದು. ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಇದನ್ನೇ ಆಹಾರವಾರಣವೆಂದು ಕರೆದಿದ್ದಾರೆ. ಪೂಜ್ಯಪಾದಾಚಾರ್ಯರ ಸರ್ವಾರ್ಥಸಿದ್ಧಿಯಲ್ಲಿ ಇದಕ್ಕೆ ಕೊಟ್ಟಿರುವ ನಿದರ್ಶನವು ದನಕರು ಮೊದಲಾದವುಗಳದು. ಹಗ್ಗದಲ್ಲಿರುವ ಪಶುವು ತಾನಾಗಿ ಹೋಗಿ ಮೇಯಲಾರದು, ಕೆರೆಗಿಳಿದು ನೀರು ಕುಡಿಯಲಾರದು. ಅದರ ಹಸಿವು ಒಡೆಯನ ಕೈಯಲ್ಲಿದೆ. ಆ ಕೈ ಹಿಂದೆಗೆದರೆ ಹೊಡೆಯದೆಯೇ ಹಿಂಸೆಯಾಯಿತು.

ದಶಲಕ್ಷಣ ಪರ್ವದ ಪ್ರವಚನಗಳಲ್ಲಿ ಈ ಪದವು ಬಂದಾಗ ಇಂದಿನ ಶ್ರೋತೃಗಳು ನಿಶ್ಚಿಂತರಾಗಿ ಕೇಳುತ್ತಾರೆ. ಮನೆಯಲ್ಲಿ ಕೊಟ್ಟಿಗೆಯಿಲ್ಲ, ಎತ್ತುಗಳಿಲ್ಲ. ಐದರಲ್ಲಿ ಒಂದಾದರೂ ತಮ್ಮನ್ನು ಮುಟ್ಟದೆಂಬ ಸಮಾಧಾನ ಅವರದು. ಆದರೆ ಪಶುವೆಂಬುದು ನಿದರ್ಶನ ಮಾತ್ರ, ಲಕ್ಷಣವಲ್ಲ. ತನ್ನ ಅನ್ನಕ್ಕಾಗಿ ಮತ್ತೊಬ್ಬನನ್ನು ಅವಲಂಬಿಸುವಂತೆ ಮಾಡಲ್ಪಟ್ಟ ಜೀವ, ಆ ಅವಲಂಬನದಿಂದ ಸುಲಭವಾಗಿ ಬಿಡಿಸಿಕೊಳ್ಳಲಾಗದ ಜೀವ, ಅದರ ಆಹಾರವನ್ನು ತಡೆಯುವ ಒಡೆತನ: ಈ ಮೂರು ಎಲ್ಲಿ ಕೂಡುತ್ತವೆಯೋ ಅಲ್ಲಿ ಅತಿಚಾರವಿದೆ. ಇಪ್ಪತ್ತನೆಯ ವಯಸ್ಸಿನಲ್ಲಿ ಓದನ್ನು ಬಿಡಿಸಿ ತಂದ ಸೊಸೆ, ಅಂಗಡಿಯ ಲೆಕ್ಕಕ್ಕೆ ಸೇರದ ದುಡಿಮೆಯಲ್ಲಿ ಹದಿನೈದು ವರ್ಷ ಕಳೆದ ಹೆಂಡತಿ, ಒಂದು ದಿನ ಹೊಸ್ತಿಲಾಚೆ ನಿಂತಾಗ ಈ ಲಕ್ಷಣವು ಆಕೆಗೆ ಪೂರ್ಣವಾಗಿ ಅನ್ವಯಿಸುತ್ತದೆ. ಆಕೆಗೆ ಹಗ್ಗ ಕಾಣುವುದಿಲ್ಲ, ಅಷ್ಟೇ ವ್ಯತ್ಯಾಸ.

ಈ ದೋಷದ ಪರಿಹಾರಕ್ಕೆ ದೇಶದ ಕಾಯಿದೆಯಲ್ಲಿ ಜೀವನಾಂಶವೆಂಬ ಹೆಸರಿದೆ. ಅಂಶವೆಂದರೆ ಪಾಲು, ಭಿಕ್ಷೆಯಲ್ಲ, ಕೃಪೆಯಲ್ಲ. 1956ರ ಹಿಂದೂ ದತ್ತಕ ಮತ್ತು ಜೀವನಾಂಶ ಕಾಯಿದೆಯು ತನ್ನ 3ನೆಯ ಕಲಮಿನಲ್ಲಿ ಅನ್ನ, ಬಟ್ಟೆ, ವಸತಿ, ವಿದ್ಯಾಭ್ಯಾಸ, ವೈದ್ಯೋಪಚಾರಗಳೆಲ್ಲವನ್ನೂ ಈ ಪದದಲ್ಲಿ ಸೇರಿಸಿದೆ. 18ನೆಯ ಕಲಂ ಹೆಂಡತಿಯು ತನ್ನ ಜೀವಿತಕಾಲವಿಡೀ ಗಂಡನಿಂದ ಪೋಷಣೆಗೆ ಅರ್ಹಳೆಂದು ಹೇಳಿ, ಯಾವ ಸಂದರ್ಭಗಳಲ್ಲಿ ಬೇರೆ ಮನೆಯಲ್ಲಿದ್ದುಕೊಂಡೇ ಅದನ್ನು ಕೇಳಬಹುದೆಂಬುದನ್ನೂ ತಿಳಿಸುತ್ತದೆ. ಗಂಡನು ತ್ಯಜಿಸಿದ್ದರೆ, ಕ್ರೌರ್ಯದಿಂದ ನಡೆದುಕೊಂಡಿದ್ದರೆ, ಮತ್ತೊಬ್ಬ ಹೆಂಡತಿಯನ್ನೋ ಉಪಪತ್ನಿಯನ್ನೋ ಇಟ್ಟುಕೊಂಡಿದ್ದರೆ, ಅಥವಾ ಬೇರೆ ವಾಸವನ್ನು ಸಮರ್ಥಿಸುವ ಇನ್ನಾವುದೇ ಕಾರಣವಿದ್ದರೆ ಆಕೆ ಒಂದೇ ಸೂರಿನಡಿ ಇರಬೇಕಾಗಿಲ್ಲ.

ಇಲ್ಲಿ ಕೆಲವರು ಒಂದು ಆಕ್ಷೇಪವನ್ನು ಎತ್ತುವುದುಂಟು. ಜೈನರು ಹಿಂದೂಗಳಲ್ಲ, ಸ್ವತಂತ್ರ ಧರ್ಮದವರು. ಅವರಿಗೆ ಹಿಂದೂ ಕಾಯಿದೆ ಹೇಗೆ ಅನ್ವಯಿಸುತ್ತದೆ ಎಂಬುದು ಆ ಪ್ರಶ್ನೆ. ಧರ್ಮದ ಸ್ವಾತಂತ್ರ್ಯದ ಮಾತು ಸರಿಯಾದುದೇ. ಬ್ಯಾರಿಸ್ಟರ್ ಚಂಪತ್‌ರಾಯ್ ಜೈನರು 1926ರಲ್ಲಿಯೇ ಜೈನ ಕಾನೂನಿನ ಮೇಲೊಂದು ಗ್ರಂಥವನ್ನು ಪ್ರಕಟಿಸಿದ್ದರು. ಕೇಂದ್ರ ಸರ್ಕಾರವು 2014ರ ಜನವರಿಯಲ್ಲಿ ಜೈನ ಸಮುದಾಯವನ್ನು ರಾಷ್ಟ್ರೀಯ ಅಲ್ಪಸಂಖ್ಯಾತ ಸಮುದಾಯವೆಂದು ಅಧಿಸೂಚಿಸಿತು. ಇದನ್ನೇ ಆಧಾರವಾಗಿಟ್ಟುಕೊಂಡು 2025ರ ಫೆಬ್ರವರಿಯಲ್ಲಿ ಇಂದೋರಿನ ಕುಟುಂಬ ನ್ಯಾಯಾಲಯವೊಂದು, ಜೈನ ದಂಪತಿಗಳು ಹಿಂದೂ ವಿವಾಹ ಕಾಯಿದೆಯ ಮೊರೆಹೋಗಲಾರರೆಂದು ಹೇಳಿ ಅರ್ಜಿಯನ್ನು ತಿರಸ್ಕರಿಸಿತ್ತು. ಮುಂದಿನ ತಿಂಗಳೇ ಮಧ್ಯಪ್ರದೇಶದ ಉಚ್ಚ ನ್ಯಾಯಾಲಯವು ಆ ಆದೇಶವನ್ನು ರದ್ದುಪಡಿಸಿತು. 1955ರ ವಿವಾಹ ಕಾಯಿದೆಯಾಗಲಿ 1956ರ ಜೀವನಾಂಶ ಕಾಯಿದೆಯಾಗಲಿ ತಮ್ಮ 2ನೆಯ ಕಲಮಿನಲ್ಲಿಯೇ ಬೌದ್ಧ, ಜೈನ, ಸಿಖ್ಖರನ್ನು ಹೆಸರಿಸಿ ಒಳಗೊಂಡಿವೆ. ಅಲ್ಪಸಂಖ್ಯಾತರೆಂಬ ಅಧಿಸೂಚನೆಯು ಅದನ್ನು ಬದಲಿಸಿಲ್ಲ. ಆದುದರಿಂದ ಸಮಾಜದ ಪ್ರತ್ಯೇಕತೆಯ ಅಭಿಮಾನವನ್ನು ಹೆಂಡತಿಯ ಅನ್ನಕ್ಕೆ ಅಡ್ಡಗೋಡೆಯಾಗಿ ನಿಲ್ಲಿಸುವ ಪ್ರಯತ್ನವು ಕಾನೂನಿನಲ್ಲಿ ನಿಲ್ಲದು. ಶಾಸ್ತ್ರದಲ್ಲಂತೂ ಅದಕ್ಕೆ ಮೊದಲೇ ನೆಲೆಯಿರಲಿಲ್ಲ.

ಇದಲ್ಲದೆ ಯಾವ ಧರ್ಮವನ್ನೂ ಕೇಳದ ಮತ್ತೊಂದು ದಾರಿಯಿದೆ. 1973ರ ದಂಡ ಪ್ರಕ್ರಿಯಾ ಸಂಹಿತೆಯ 125ನೆಯ ಕಲಂ ಎಂದು ಜನರ ಬಾಯಲ್ಲಿ ನಿಂತಿದ್ದ ಆ ವಿಧಿಯು 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೆಯ ಕಲಮಾಗಿದೆ. ಸಾಕಷ್ಟು ಸಂಪನ್ಮೂಲವುಳ್ಳ ಗಂಡನು, ತನ್ನನ್ನು ತಾನು ಪೋಷಿಸಿಕೊಳ್ಳಲಾರದ ಹೆಂಡತಿಯನ್ನು ಕಡೆಗಣಿಸಿದರೆ ಅಥವಾ ನಿರಾಕರಿಸಿದರೆ, ತಿಂಗಳಿಗಿಷ್ಟು ಎಂದು ಕೊಡುವಂತೆ ಪ್ರಥಮ ದರ್ಜೆಯ ದಂಡಾಧಿಕಾರಿಗಳು, ಕುಟುಂಬ ನ್ಯಾಯಾಲಯವಿರುವ ಊರುಗಳಲ್ಲಿ ಆ ನ್ಯಾಯಾಲಯದವರು, ಆಜ್ಞಾಪಿಸಬಹುದು. ವಿಚ್ಛೇದನ ಹೊಂದಿ ಮರುಮದುವೆಯಾಗದವಳೂ ಇಲ್ಲಿ ಹೆಂಡತಿಯೆಂದೇ ಪರಿಗಣಿತಳು. ಆಜ್ಞೆಯನ್ನು ಸಕಾರಣವಿಲ್ಲದೆ ಮೀರಿದವನಿಗೆ ಬಾಕಿಯಾದ ಒಂದೊಂದು ತಿಂಗಳಿಗೆ ಒಂದು ತಿಂಗಳವರೆಗೆ ಸೆರೆವಾಸವನ್ನು ವಿಧಿಸಬಹುದು. ಆದರೆ ಬಾಕಿಯ ವಸೂಲಿಗೆ, ಅದು ಸಲ್ಲಬೇಕಾದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಕೊಡಬೇಕು. ಈ ಒಂದು ವರ್ಷದ ಮಾತನ್ನು ಅರಿಯದೆ ಕಳೆದುಕೊಂಡವರು ಅನೇಕರು.

ಒಂದು ಕಾಲಕ್ಕೆ ಈ ವಿಧಿಯಡಿ ಸಿಗುತ್ತಿದ್ದ ಹಣವು ನಗೆಪಾಟಲಿನದಾಗಿತ್ತು. 1955ರಲ್ಲಿ ತಿಂಗಳಿಗೆ 500 ರೂಪಾಯಿ ಎಂದು ಏರಿಸಿದ ಗರಿಷ್ಠ ಮಿತಿಯು 1973ರ ಸಂಹಿತೆಯಲ್ಲಿಯೂ ಹಾಗೆಯೇ ಉಳಿದು, 2001ರ ತಿದ್ದುಪಡಿಯಿಂದ ತೊಲಗುವವರೆಗೆ ಮುಂದುವರಿಯಿತು. ನಲವತ್ತಾರು ವರ್ಷಗಳಲ್ಲಿ ಜೋಳದ ಬೆಲೆ ಎಷ್ಟು ಪಟ್ಟು ಏರಿತೆಂಬುದನ್ನು ದಲಾಲಿ ಅಂಗಡಿಗಳ ಮಾಲೀಕರಿಗೆ ಹೇಳಬೇಕಾಗಿಲ್ಲ. ಈಗ ಅಂಥ ಮಿತಿಯಿಲ್ಲ. ಗಂಡನ ನಿವ್ವಳ ಸಂಬಳದ ಶೇ. 25ರಷ್ಟು ನ್ಯಾಯೋಚಿತವೆಂದು ಸರ್ವೋಚ್ಚ ನ್ಯಾಯಾಲಯವು 2017ರ ಒಂದು ಪ್ರಕರಣದಲ್ಲಿ ಹೇಳಿದ್ದುಂಟಾದರೂ ಅದು ಸೂತ್ರವಲ್ಲ. ಉಭಯರ ಅಂತಸ್ತು, ಆದಾಯ, ಹೊಣೆಗಾರಿಕೆ, ಮಕ್ಕಳ ಅವಶ್ಯಕತೆಗಳನ್ನು ನೋಡಿ ಪ್ರಮಾಣವನ್ನು ಗೊತ್ತುಪಡಿಸಲಾಗುತ್ತದೆ. ಹೆಂಡತಿಗೆ ಅಲ್ಪಸ್ವಲ್ಪ ಸಂಪಾದನೆಯಿದೆಯೆಂಬುದೊಂದೇ ಹಕ್ಕನ್ನು ಅಳಿಸುವುದಿಲ್ಲ.

ಕಲಮುಗಳು ಹೀಗಿವೆ. ನಡೆಯುವುದು ಹೇಗೆ? ಇಂಥ ಪ್ರಸಂಗಗಳ ಪರಿಚಯವಿಲ್ಲದ ಊರಿಲ್ಲವಾದ್ದರಿಂದ ಹೆಸರುಗಳು ಬೇಡ, ಒಂದು ಮನೆಯನ್ನು ಮಾದರಿಗಾಗಿ ಕಲ್ಪಿಸಿಕೊಂಡರೆ ಸಾಕು. ಬೆಳಗಾವಿ ಸೀಮೆಯ ಒಂದು ಪೇಟೆಯ ಊರು. ಗಂಡನದು ಬೆಲ್ಲದ ದಲಾಲಿ ಅಂಗಡಿ. ಮದುವೆಯಾಗಿ ಹದಿನಾಲ್ಕು ವರ್ಷ, ಇಬ್ಬರು ಮಕ್ಕಳು. ಅತ್ತೆಯ ಮರಣದ ನಂತರ ಮನೆಯಲ್ಲಿ ಹುಟ್ಟಿಕೊಂಡ ಕಲಹ ಬೆಳೆದು, ಒಂದು ಸಂಜೆ ಆತ ಹೆಂಡತಿಯನ್ನೂ ಮಕ್ಕಳನ್ನೂ ತವರಿನ ಬಸ್ಸು ಹತ್ತಿಸಿದ. ಆಕೆಯ ಅಣ್ಣ ವಾರದೊಳಗೆ ಬಸದಿಯ ಪಂಚರಲ್ಲಿಗೆ ಬಂದ. ಪಂಚರು ಒಳ್ಳೆಯವರೇ. ಉಭಯ ಮನೆತನಗಳನ್ನೂ ಬಲ್ಲವರು, ಸಂಸಾರ ಮುರಿಯಬಾರದೆಂಬ ಕಳಕಳಿಯುಳ್ಳವರು. ಅವರು ಎರಡೂ ಕಡೆಯವರನ್ನು ಬಸದಿಯ ಪಡಸಾಲೆಯಲ್ಲಿ ಕೂರಿಸಿ ಹಿತವಾಗಿ ಮಾತನಾಡಿದರು.

“ತಂಗೀ, ಮನಿ ಮಾತು ಮನ್ಯಾಗ ಇರ್ಲಿ. ಕೋರ್ಟು ಕಚೇರಿ ನಮಗ ಶೋಭಿಸೂದಿಲ್ಲ. ನಾವೆಲ್ಲಾ ಅದೀವಿ, ಸ್ವಲ್ಪ ತಾಳು” ಎಂದರು ಹಿರಿಯರು.

“ತಾಳತೇನ್ರಿ ಕಾಕಾ. ಹುಡುಗರ ಸಾಲಿ ಫೀ ತಾಳೂದಿಲ್ಲಲ್ರಿ” ಎಂದಳು ಆಕೆ.

ಈ ಮಾತಿಗೆ ಯಾರೂ ಉತ್ತರ ಕೊಡಲಿಲ್ಲ; ಸಭೆಯು ಮತ್ತೊಂದು ದಿನಕ್ಕೆ ಮುಂದೆ ಹೋಯಿತು. ಆಮೇಲೆ ಗಾಣದ ಹಂಗಾಮು ಬಂತು, ಗಂಡನಿಗೆ ಬಿಡುವಿಲ್ಲ. ಅನಂತರ ಬಂಧುಗಳ ಮನೆಯ ಮದುವೆ, ಆ ಶುಭಕಾರ್ಯಕ್ಕೆ ಮುನ್ನ ಈ ವಿಷಯ ಬೇಡ. ಬಳಿಕ ಚಾತುರ್ಮಾಸ, ಊರಿಗೆ ಮುನಿಸಂಘದ ಆಗಮನ. ಅವರು ವಿಹಾರ ಮಾಡಿದ ಮೇಲೆ ನೋಡೋಣವೆಂದಾಯಿತು. ಹನ್ನೊಂದು ತಿಂಗಳು ಹೀಗೆ ಉರುಳಿದವು. ಈ ಹನ್ನೊಂದು ತಿಂಗಳಲ್ಲಿ ಗಂಡನಿಂದ ಒಂದು ರೂಪಾಯಿಯೂ ಬರಲಿಲ್ಲ; ಕೊಡಬೇಕೆಂದು ಪಂಚರೂ ಕೇಳಲಿಲ್ಲ. ರಾಜಿಯ ಮಾತು ನಡೆದಿರುವಾಗ ಹಣದ ಮಾತೆತ್ತಿದರೆ ಕೆಡುತ್ತದೆಂಬ ಭಾವನೆ ಅವರದಾಗಿತ್ತು. ಅಣ್ಣನ ಹೆಂಡತಿಯೂ ಕೆಟ್ಟವಳಲ್ಲ, ಆದರೆ ಮೂರು ಜನರ ಊಟವೆಂಬುದು ಮೂರು ಜನರ ಊಟವೇ. ಆಕೆ ಬಡಿಸುವ ಮೊದಲು ಒಂದು ಕ್ಷಣ ನಿಲ್ಲುವುದನ್ನು ತಟ್ಟೆಯ ಮುಂದೆ ಕುಳಿತವಳು ಗಮನಿಸದೆ ಇರಲಾಗಲಿಲ್ಲ. ಅಂದಿನಿಂದ ಆಕೆ ರಾತ್ರಿಭೋಜನತ್ಯಾಗದ ಜೊತೆಗೆ ಹಗಲಿನ ಒಂದು ಊಟವನ್ನೂ ಬಿಟ್ಟಳು. ನೆರೆಯವರು ಏಕಾಶನ ವ್ರತವೆಂದು ಮೆಚ್ಚಿದರು.

ಅದೇ ವರ್ಷ ಆ ಊರಿನ ಪೂಜಾಮಹೋತ್ಸವದಲ್ಲಿ ಗಂಡನು ಪ್ರಥಮ ಕಲಶದ ಸವಾಲನ್ನು ದೊಡ್ಡ ಮೊತ್ತಕ್ಕೆ ಹಿಡಿದ. ಬಸದಿಯ ಗೋಡೆಗೆ ಹಾಕಿಸಿದ ಅಮೃತಶಿಲೆಯ ಫಲಕದಲ್ಲಿ ಆತನ ಹೆಸರಿನ ಕೆಳಗೆ ‘ಧರ್ಮಪತ್ನಿ’ ಎಂದು ಆಕೆಯ ಹೆಸರನ್ನೂ ಕೆತ್ತಿಸಿದರು. ದಾನದಲ್ಲಿ ಪತ್ನಿಯ ಸಹಭಾಗವಿರಬೇಕೆಂಬ ಪದ್ಧತಿಯನ್ನು ಯಾರೂ ಮೀರಲಿಲ್ಲ.

ಪಂಚರಿಗೆ ತಿಳಿಯದಿದ್ದ ಒಂದು ಸಂಗತಿಯನ್ನು ಇಲ್ಲಿ ಹೇಳಬೇಕು. ಸರ್ವೋಚ್ಚ ನ್ಯಾಯಾಲಯವು 2020ರ ನವೆಂಬರ್ 4ರಂದು ಕೊಟ್ಟ ಮಹತ್ತ್ವದ ತೀರ್ಪಿನ ಪ್ರಕಾರ ಜೀವನಾಂಶವು ಅರ್ಜಿ ಸಲ್ಲಿಸಿದ ದಿನಾಂಕದಿಂದ ಸಲ್ಲತಕ್ಕದ್ದು. ಅದಕ್ಕೆ ಮೊದಲು ಆಜ್ಞೆಯ ದಿನದಿಂದ ಕೊಡಿಸುತ್ತಿದ್ದ ನ್ಯಾಯಾಲಯಗಳಿದ್ದು, ವಾಯಿದೆಯ ಮೇಲೆ ವಾಯಿದೆ ಪಡೆದವನಿಗೇ ಲಾಭವಾಗುತ್ತಿತ್ತು. ಈ ತೀರ್ಪು ಅದನ್ನು ನಿಲ್ಲಿಸಿತು. ಆದರೆ ಅರ್ಜಿಯೇ ಹೋಗದಿದ್ದ ದಿನಗಳಿಗೆ ಸಂಹಿತೆಯ ಆ ಕಲಮಿನಡಿ ಏನೂ ಸಿಗದು. ಎಂದರೆ, ಪಂಚರು ಸದ್ಭಾವದಿಂದ ಕಾಯಿಸಿದ ಹನ್ನೊಂದು ತಿಂಗಳ ಅನ್ನವು ಆ ಮೂವರ ಪಾಲಿಗೆ ಅಲ್ಲಿಗೆ ಮುಗಿದಂತೆಯೇ. ತಡೆದವನು ಗಂಡನಾದರೂ ತಡೆಯುವುದಕ್ಕೆ ಕಾಲವನ್ನು ಒದಗಿಸಿಕೊಟ್ಟವರು ಯಾರು? ಕೃತ, ಕಾರಿತ, ಅನುಮತವೆಂಬ ಮೂರು ಬಗೆಯನ್ನು ಬಾಲಬೋಧೆಯಿಂದಲೇ ಕಲಿತಿರುವ ಸಮಾಜಕ್ಕೆ ಈ ಪ್ರಶ್ನೆಯು ಕಠಿಣವಾದುದೇನಲ್ಲ.

ಸಂಧಾನವು ತಪ್ಪೆಂದು ಇದರ ಅರ್ಥವಲ್ಲ. ಸಂಧಾನದ ಮೊದಲ ದಿನವೇ, ತೀರ್ಮಾನವಾಗುವವರೆಗೆ ತಿಂಗಳಿಗೆ ಇಷ್ಟು ಹಣವನ್ನು ಆಕೆಯ ಬ್ಯಾಂಕ್ ಖಾತೆಗೆ ಕಟ್ಟಬೇಕೆಂದು ಗೊತ್ತುಮಾಡಿ, ಬರವಣಿಗೆಯಲ್ಲಿಟ್ಟು, ಆನಂತರ ಮಾತಿಗೆ ಕುಳಿತರೆ ಪಂಚರ ಕಳಕಳಿಗೆ ಬೆಲೆ ಬರುತ್ತದೆ. ಗಂಡನು ಅದಕ್ಕೂ ಒಪ್ಪದಿದ್ದರೆ ಅವನ ರಾಜಿಯ ಇಚ್ಛೆ ಎಷ್ಟೆಂಬುದು ಅಂದೇ ತಿಳಿಯುತ್ತದೆ. ಆಕೆ ಮಾರನೆಯ ದಿನವೇ ಅರ್ಜಿ ಹಾಕಲಿ. ನ್ಯಾಯಾಲಯಗಳಿಗೂ ಮಧ್ಯಂತರ ಜೀವನಾಂಶದ ಅರ್ಜಿಯನ್ನು, ಪ್ರತಿವಾದಿಗೆ ನೋಟೀಸು ತಲುಪಿದ ದಿನದಿಂದ ಸಾಧ್ಯವಾದಷ್ಟು ಮಟ್ಟಿಗೆ 60 ದಿನಗಳೊಳಗೆ ಇತ್ಯರ್ಥಪಡಿಸಬೇಕೆಂಬ ವಿಧಿಯಿದೆ. ಅದು ಎಲ್ಲೆಡೆ ಪಾಲನೆಯಾಗುತ್ತಿಲ್ಲವೆಂಬುದು ನಿಜ. ಬಸದಿಯ ಪಡಸಾಲೆಯಲ್ಲಿ ಪಾಲಿಸಲು ಮಾತ್ರ ಯಾವ ಅಡ್ಡಿಯೂ ಇಲ್ಲ. ಇನ್ನು ವಕೀಲರ ಖರ್ಚಿನ ಭಯವುಳ್ಳವರಿಗೆ, 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಯಂತೆ ಎಲ್ಲ ಮಹಿಳೆಯರೂ ಆದಾಯದ ಲೆಕ್ಕವಿಲ್ಲದೆ ಉಚಿತ ಕಾನೂನು ನೆರವಿಗೆ ಅರ್ಹರು. ತಾಲ್ಲೂಕು ನ್ಯಾಯಾಲಯದ ಆವರಣದಲ್ಲಿರುವ ಕಾನೂನು ಸೇವಾ ಸಮಿತಿಯಲ್ಲಿ ವಿಚಾರಿಸಿದರೆ ಸಾಕು.

ಅರ್ಜಿಯ ಹಂತಕ್ಕೆ ಬಂದಾಗ ಮತ್ತೊಂದು ವ್ರತದ ಪರೀಕ್ಷೆ ಆರಂಭವಾಗುತ್ತದೆ. 2020ರ ಅದೇ ತೀರ್ಪು ಉಭಯಪಕ್ಷದವರೂ ತಮ್ಮ ಆಸ್ತಿ, ಆದಾಯ, ಸಾಲಗಳ ವಿವರವನ್ನು ಪ್ರಮಾಣಪತ್ರದ ಮೂಲಕ ಸಲ್ಲಿಸಬೇಕೆಂದು ಕಡ್ಡಾಯಗೊಳಿಸಿದೆ. ವ್ಯಾಪಾರಿ ಮನೆತನಗಳಲ್ಲಿ ಅಂಗಡಿಯು ತಮ್ಮನ ಹೆಸರಿನಲ್ಲಿ, ಗೋದಾಮು ತಾಯಿಯ ಹೆಸರಿನಲ್ಲಿ, ಗಂಡನು ಕೇವಲ ಸಂಬಳದ ಗುಮಾಸ್ತ ಎಂಬಂಥ ಪ್ರಮಾಣಪತ್ರಗಳು ಹುಟ್ಟುವುದು ಆಗಲೇ. ಸತ್ಯಾಣುವ್ರತದ ಅತಿಚಾರಗಳಲ್ಲಿ ಕೂಟಲೇಖಕ್ರಿಯೆ ಎಂಬುದೊಂದಿದೆ. ಮತ್ತೊಬ್ಬರನ್ನು ವಂಚಿಸುವ ಸುಳ್ಳು ಬರಹವನ್ನು ರಚಿಸುವುದು ಎಂದು ಅದರ ಅರ್ಥ. ಆಚಾರ್ಯರು ಈ ಪದವನ್ನು ಉಚ್ಚರಿಸುವಾಗ ಮುದ್ರಾಂಕದ ಕಾಗದವಿರಲಿಲ್ಲವೆಂದು ಯಾರೂ ವಿನಾಯಿತಿ ಬೇಡಲಾರರು. ಅದೇ ಸೂತ್ರದಲ್ಲಿರುವ ನ್ಯಾಸಾಪಹಾರವೂ, ಎಂದರೆ ನಂಬಿ ಇಟ್ಟ ಒತ್ತೆಯನ್ನು ಅಪಹರಿಸುವುದೂ, ಈ ಪ್ರಕರಣಗಳಲ್ಲಿ ತಪ್ಪದೆ ಹಾಜರಿರುತ್ತದೆ. ತವರಿನವರು ಹಾಕಿದ ಒಡವೆಗಳು ಅತ್ತೆಯ ಕಪಾಟಿನಲ್ಲಿರುತ್ತವೆ, ಕೇಳಿದರೆ ಲೆಕ್ಕವಿಲ್ಲ. ಸ್ತ್ರೀಧನವು ಹೆಂಡತಿಯ ಸ್ವಂತ ಸ್ವತ್ತು, ಗಂಡನ ಮನೆಯವರ ಕೈಯಲ್ಲಿ ಅದು ನಂಬಿಕೆಯ ಒತ್ತೆ ಮಾತ್ರ, ಮರಳಿಸದಿದ್ದರೆ ವಿಶ್ವಾಸದ್ರೋಹದ ಅಪರಾಧವಾಗಬಹುದೆಂದು ಸರ್ವೋಚ್ಚ ನ್ಯಾಯಾಲಯವು 1985ರಲ್ಲಿ ಹೇಳಿತು. ಶಾಸ್ತ್ರದ ನ್ಯಾಸವೂ ನ್ಯಾಯಾಲಯದ ಒತ್ತೆಯೂ ಬೇರೆಬೇರೆಯಲ್ಲ.

ನ್ಯಾಯದ ದೃಷ್ಟಿಯಿಂದ ಇನ್ನೊಂದನ್ನೂ ಹೇಳತಕ್ಕದ್ದು. ಜೀವನಾಂಶದ ಹಕ್ಕು ನಿರಪೇಕ್ಷವಲ್ಲ. ವ್ಯಭಿಚಾರದಲ್ಲಿ ಬಾಳುತ್ತಿರುವವಳಿಗೆ, ಸಾಕಷ್ಟು ಕಾರಣವಿಲ್ಲದೆ ಗಂಡನೊಡನೆ ಬಾಳಲು ಒಲ್ಲದವಳಿಗೆ, ಪರಸ್ಪರ ಒಪ್ಪಿಗೆಯಿಂದ ಬೇರೆಯಾಗಿರುವವರಿಗೆ ಸಂಹಿತೆಯ ವಿಧಿಯು ಅನ್ವಯಿಸದು. ಹಿಂದೂ ವಿವಾಹ ಕಾಯಿದೆಯ 24 ಮತ್ತು 25ನೆಯ ಕಲಮುಗಳಡಿಯಂತೂ ಆದಾಯವಿಲ್ಲದ ಗಂಡನೂ ಹೆಂಡತಿಯಿಂದ ಕೇಳಬಹುದು. ದುರದೃಷ್ಟವೆಂದರೆ ಈ ಅಪವಾದಗಳೇ ಆಯುಧಗಳಾಗುತ್ತವೆ. ಹಣ ಕೊಡಲೊಲ್ಲದ ಗಂಡನು ಹೆಂಡತಿಯ ಶೀಲದ ಮೇಲೆ ಬರೆಯುತ್ತಾನೆ. ಹೆಚ್ಚು ಪಡೆಯಬಯಸಿದ ಹೆಂಡತಿಯ ಕಡೆಯವರೂ ಮಲಗುವ ಕೋಣೆಯ ಮಾತುಗಳನ್ನು ಅರ್ಜಿಗೆ ಎಳೆದುತರುತ್ತಾರೆ. ಸ್ತ್ರೀಪುರುಷರ ಏಕಾಂತದ ಸಂಗತಿಯನ್ನು ಹೊರಗೆಡಹುವುದನ್ನು ರಹೋಭ್ಯಾಖ್ಯಾನವೆಂದು ಹೆಸರಿಸಿ ಅದನ್ನೂ ಸತ್ಯವ್ರತದ ದೋಷಗಳಲ್ಲಿಯೇ ಸೇರಿಸಿರುವುದು ಗಮನಾರ್ಹ. ನಡೆದದ್ದೇ ಆದರೂ ಹೇಳತಕ್ಕದ್ದಲ್ಲವೆಂಬುದು ಅದರ ಮರ್ಮ. ಬೇಕಾದಷ್ಟನ್ನು ಬರೆದು ಬೇಡವಾದುದನ್ನು ಬಿಡುವ ವಿವೇಕವುಳ್ಳ ವಕೀಲರು ಸಿಕ್ಕುವುದು ಪುಣ್ಯದ ಫಲ.

ಕರಾವಳಿಯ ಜೈನ ಮನೆತನಗಳಲ್ಲಿ ಈ ವಿಷಯಕ್ಕೆ ಬೇರೆಯದೇ ಹಿನ್ನೆಲೆಯಿದೆ. ಅಳಿಯಸಂತಾನದ ಕಟ್ಟು ನಡೆಯುತ್ತಿದ್ದ ಕಾಲದಲ್ಲಿ ಹೆಣ್ಣಿನ ಅನ್ನವು ಹುಟ್ಟಿದ ಮನೆಯ ಸ್ವತ್ತಿನಲ್ಲಿತ್ತು. ಆಕೆ ತನ್ನ ಕವರಿನ ಮೂಲಪುರುಷನ ಸಂತತಿಯಲ್ಲ, ಮೂಲಸ್ತ್ರೀಯ ಸಂತತಿ. ಗಂಡನ ಮನೆಯಲ್ಲಿ ಒಲೆ ಆರಿದರೂ ತವರಿನಲ್ಲಿ ಆಕೆ ಅತಿಥಿಯಾಗಿರಲಿಲ್ಲ, ಹಕ್ಕುದಾರಳಾಗಿದ್ದಳು. 1949ರ ಮದರಾಸು ಅಳಿಯಸಂತಾನ ಕಾಯಿದೆಯು ಕುಟುಂಬಗಳ ವಿಭಾಗಕ್ಕೆ ಅವಕಾಶವಿತ್ತಿತು. 1956ರ ಉತ್ತರಾಧಿಕಾರ ಕಾಯಿದೆಯ ನಂತರ ಆ ಕಟ್ಟು ಕ್ರಮೇಣ ಸಡಿಲಿ, ದೊಡ್ಡ ಮನೆಗಳು ಪಾಲಾದವು. ಕಟ್ಟು ಹೋದರೂ ಅದರ ಮಾತು ಉಳಿದುಕೊಂಡಿದೆ. “ಅವಳಿಗೇನು, ತವರಿದೆಯಲ್ಲ” ಎಂದು ಇಂದಿಗೂ ಹೇಳುವವರಿದ್ದಾರೆ. ಆ ತವರಿನ ಜಗಲಿಯ ಮೇಲೆ ಈಗ ಮೂವರು ಸಹೋದರರ ಮೂರು ವಿದ್ಯುತ್ ಮೀಟರುಗಳಿವೆಯೆಂಬುದನ್ನು ಅವರು ಮರೆತಿರುತ್ತಾರೆ. ಹಳೆಯ ಆಸರೆಯು ಮುರಿದ ಮೇಲೆ ಗಂಡನ ಹೊಣೆಯು ಅಲ್ಲಿಯೂ ಉಳಿದೆಡೆಗಳಷ್ಟೇ ಗಟ್ಟಿಯಾಗಿದೆ. ತವರಿನಲ್ಲಿ ಪಾಲು ಬಂದಿದ್ದರೆ ಅದು ಜೀವನಾಂಶದ ಪ್ರಮಾಣವನ್ನು ನಿರ್ಧರಿಸುವಾಗ ಪರಿಗಣನೆಗೆ ಬರುತ್ತದೆಯೇ ಹೊರತು ಹೊಣೆಯನ್ನು ಇಲ್ಲವಾಗಿಸುವುದಿಲ್ಲ.

ಇನ್ನು ಬಸದಿ, ಮಠ, ಟ್ರಸ್ಟುಗಳ ಆಡಳಿತಗಾರರಿಗೆ ನೇರವಾಗಿ ಸಂಬಂಧಿಸಿದ ಮಾತು. ತತ್ತ್ವಾರ್ಥಸೂತ್ರದಲ್ಲಿ ದಾನದ ಲಕ್ಷಣವನ್ನು ಹೇಳುವಾಗ ‘ಸ್ವ’ ಎಂಬ ಒಂದು ಅಕ್ಷರವನ್ನು ಸೇರಿಸಲಾಗಿದೆ. ಅನುಗ್ರಹಕ್ಕಾಗಿ ಬಿಟ್ಟುಕೊಡುವ ವಸ್ತುವು ತನ್ನದಾಗಿರಬೇಕು. ಹೆಂಡತಿಗೆ ಸಲ್ಲಬೇಕಾದ ಪಾಲನ್ನು ಕೊಡದೆ ಉಳಿಸಿಕೊಂಡವನ ಕೈಯಲ್ಲಿರುವ ಹಣದಲ್ಲಿ ಆ ಪಾಲಿನಷ್ಟು ಅವನದಲ್ಲ. ಅದನ್ನು ಕಲಶಕ್ಕೆ ಕೊಟ್ಟರೂ ರಥಕ್ಕೆ ಕೊಟ್ಟರೂ ಪರರ ವಸ್ತುವನ್ನು ಕೊಟ್ಟಂತೆ. ಲೋಕವ್ಯವಹಾರದಲ್ಲಿಯೂ ಈ ತತ್ತ್ವಕ್ಕೆ ಬಲವಿದೆ. ಸರ್ವೋಚ್ಚ ನ್ಯಾಯಾಲಯವು 2024ರ ಡಿಸೆಂಬರಿನಲ್ಲಿ, ಜೀವನಾಂಶದ ಬಾಕಿಯು ಗಂಡನ ಆಸ್ತಿಯ ಮೇಲೆ ಸಾಲ ಕೊಟ್ಟವರ ಹಕ್ಕಿಗಿಂತಲೂ ಮೊದಲು ನಿಲ್ಲುತ್ತದೆಂದು ಹೇಳಿದೆ. ಆಸ್ತಿ ವರ್ಗಾವಣೆ ಕಾಯಿದೆಯ 39ನೆಯ ಕಲಮಿನಂತೆ, ಸ್ಥಿರಾಸ್ತಿಯ ಉತ್ಪನ್ನದಿಂದ ಜೀವನಾಂಶ ಪಡೆಯುವ ಹಕ್ಕು ಒಬ್ಬರಿಗಿರುವಾಗ ಆ ಆಸ್ತಿಯು ಪರಭಾರೆಯಾದರೆ, ಕೊಂಡವನಿಗೆ ಆ ಹಕ್ಕಿನ ಅರಿವಿದ್ದಲ್ಲಿ, ಅಥವಾ ಆಸ್ತಿಯು ಪ್ರತಿಫಲವಿಲ್ಲದೆ ಬಂದದ್ದಾಗಿದ್ದಲ್ಲಿ, ಆ ಹಕ್ಕನ್ನು ಪಡೆದವರ ಮೇಲೆಯೂ ಚಲಾಯಿಸಬಹುದು. ಪ್ರತಿಫಲವಿಲ್ಲದೆ ಬಂದದ್ದೆಂದರೆ ದಾನ. ದಾನ ಪಡೆದವರು ತಮಗೆ ತಿಳಿದಿರಲಿಲ್ಲವೆಂದು ಹೇಳಿ ಪಾರಾಗುವಂತಿಲ್ಲ. ಹೆಂಡತಿಯ ಹಕ್ಕಿಗೆ ಈ ಕಲಂ ಎಷ್ಟರಮಟ್ಟಿಗೆ ಹೊಂದುತ್ತದೆಂಬುದು ಆಯಾ ಪ್ರಕರಣದ ಸಂಗತಿಗಳನ್ನು ಅವಲಂಬಿಸಿದ್ದು, ವಕೀಲರ ಸಲಹೆಗೆ ಬಿಟ್ಟದ್ದು. ಆದರೆ ಜಮೀನಿನ ದಾನಪತ್ರವನ್ನು ಸ್ವೀಕರಿಸುವ ಟ್ರಸ್ಟು ಋಣಭಾರ ಪತ್ರವನ್ನು ನೋಡುವಂತೆಯೇ, ದಾನಿಯ ಮೇಲೆ ಜೀವನಾಂಶದ ದಾವೆಯೋ ಬಾಕಿಯೋ ಇದೆಯೇ ಎಂದು ಒಂದು ಪ್ರಶ್ನೆ ಕೇಳಿ ಉತ್ತರವನ್ನು ಬರೆಸಿಕೊಳ್ಳುವುದು ಲೇಸು. ಟ್ರಸ್ಟು ನ್ಯಾಯಾಲಯವಾಗಬೇಕಾಗಿಲ್ಲ. ಸವಾಲಿನಲ್ಲಿ ಕೂಗಿದ ಪ್ರತಿಯೊಬ್ಬನ ಮನೆಯ ಒಲೆಯನ್ನು ಇಣುಕಿ ನೋಡುವುದೂ ಸಲ್ಲದು. ಆಜ್ಞೆಯಾಗಿ ಬಾಕಿಯುಳಿಸಿಕೊಂಡಿರುವುದು ಊರಿಗೆಲ್ಲ ತಿಳಿದಿರುವಾಗ ಅವನನ್ನು ವೇದಿಕೆಗೆ ಕರೆದು ಶಾಲು ಹೊದಿಸುವುದನ್ನಂತೂ ನಿಲ್ಲಿಸಬಹುದು. ಇದಕ್ಕೆ ಯಾವ ನಿರ್ಣಯದ ಅಗತ್ಯವೂ ಇಲ್ಲ.

ಗಂಡನು ಸಂಸಾರವನ್ನು ಬಿಟ್ಟು ದೀಕ್ಷೆ ವಹಿಸಿದರೆ ಹೆಂಡತಿಯ ಗತಿಯೇನೆಂಬ ಪ್ರಶ್ನೆಯು ಜೈನರ ಮನೆಗಳಿಗೆ ಹೊರತಾದುದಲ್ಲ. ಇದನ್ನು ಬಹಿರಂಗವಾಗಿ ಕೇಳಲು ಜನ ಹಿಂಜರಿಯುತ್ತಾರೆ. ತ್ಯಾಗಿಗಳಿಗೆ ಅವಿನಯವಾದೀತೆಂಬ ಅಳುಕು. ಆದರೆ ಕುಂದಕುಂದಾಚಾರ್ಯರೇ ಪ್ರವಚನಸಾರದ ಚಾರಿತ್ರಾಧಿಕಾರದಲ್ಲಿ, ಶ್ರಮಣನಾಗಬಯಸುವವನು ಬಂಧುವರ್ಗವನ್ನು ಬೀಳ್ಕೊಂಡು, ಹಿರಿಯರಿಂದಲೂ ಪತ್ನಿಪುತ್ರರಿಂದಲೂ ಬಿಡುಗಡೆ ಪಡೆದು ಗುರುಗಳ ಬಳಿಗೆ ಹೋಗುವುದನ್ನು ಮೊದಲ ಹೆಜ್ಜೆಯಾಗಿ ವರ್ಣಿಸಿದ್ದಾರೆ. ಬಿಡುವವನು ತಾನಾದರೂ ಬಿಡಿಸಬೇಕಾದವರು ಅವರು. ಆದಿಪುರಾಣದಲ್ಲಿ ಹೇಳಿರುವ ನಾಲ್ಕು ದತ್ತಿಗಳಲ್ಲಿ ಅನ್ವಯದತ್ತಿಯೂ ಒಂದು. ಮನೆತನದ ಭಾರವನ್ನೂ ಸಂಪತ್ತನ್ನೂ ಮುಂದಿನವರಿಗೆ ಕ್ರಮವಾಗಿ ಒಪ್ಪಿಸಿ ಹೊರಡುವುದು. ಆದಿದೇವರು ಭರತನಿಗೆ ಅಯೋಧ್ಯೆಯನ್ನೂ ಬಾಹುಬಲಿಗೆ ಪೌದನಪುರವನ್ನೂ ವಹಿಸಿಕೊಟ್ಟ ಬಳಿಕವೇ ತಪಕ್ಕೆ ನಡೆದರು. ವ್ಯವಸ್ಥೆ ಮಾಡದೆ ಎದ್ದುಹೋಗುವುದು ಪರಂಪರೆಯಲ್ಲ.

ಕಾಯಿದೆಯು ಈ ಸಂದರ್ಭವನ್ನು ಕಂಡಿದೆ. ಯಾವುದೇ ಧಾರ್ಮಿಕ ಪಂಥವನ್ನು ಸೇರಿ ಲೋಕತ್ಯಾಗ ಮಾಡಿದ್ದು, ಹಿಂದೂ ವಿವಾಹ ಕಾಯಿದೆಯ 13ನೆಯ ಕಲಮಿನಡಿ ಉಳಿದವರಿಗೆ ವಿಚ್ಛೇದನ ಕೇಳಲು ಒಂದು ಆಧಾರ. ಆಗ 25ನೆಯ ಕಲಮಿನಂತೆ ಬಿಟ್ಟುಹೋದವನ ಆಸ್ತಿಯಿಂದ ಶಾಶ್ವತ ಜೀವನಾಂಶವನ್ನೂ ಕೇಳಬಹುದು. ದೇಹದಲ್ಲಿ ದುಡಿಯುವ ಶಕ್ತಿಯಿರುವ ಗಂಡನು ಸಾಧುವೆಂಬ ಕಾರಣದಿಂದಲೇ ಹೊಣೆಯಿಂದ ಬಿಡುಗಡೆ ಹೊಂದಲಾರನೆಂದು ಉಚ್ಚ ನ್ಯಾಯಾಲಯದ ತೀರ್ಪಿನಲ್ಲಿ ಬಂದಿರುವುದೂ ಉಂಟು. ದಿಗಂಬರ ಮುನಿಯೊಬ್ಬರಿಗೆ ನೋಟೀಸು ಜಾರಿಯಾಗುವ ದೃಶ್ಯವನ್ನು ಯಾವ ಶ್ರಾವಕನೂ ಕಾಣಬಯಸನು. ಅದನ್ನು ತಪ್ಪಿಸುವ ಹೊಣೆ ದೀಕ್ಷೆಗೆ ಮುನ್ನ ಸೇರುವ ಸಮಾಜದ್ದು. ದೀಕ್ಷಾವಿಧಿಯ ದಿನ ಸಾವಿರಾರು ಜನರೆದುರು, ಜಯಘೋಷದ ನಡುವೆ ಪತ್ನಿಯನ್ನು ಎಬ್ಬಿಸಿ ನಿಲ್ಲಿಸಿ ಅನುಮತಿಯುಂಟೇ ಎಂದು ಕೇಳಿದರೆ ಆಕೆ ಇಲ್ಲವೆನ್ನುವುದಾದರೂ ಹೇಗೆ? ಆ ಪ್ರಶ್ನೆಯನ್ನು ತಿಂಗಳುಗಳ ಮೊದಲೇ, ಆಕೆಯ ಮನೆಯಲ್ಲಿ, ಆಕೆಯ ತವರಿನವರ ಸಮಕ್ಷಮದಲ್ಲಿ ಕೇಳಬೇಕು. ವಾಸದ ಮನೆ ಯಾರ ಹೆಸರಿನಲ್ಲಿದೆ, ಬ್ಯಾಂಕಿನ ಠೇವಣಿ ಎಷ್ಟು, ಅಂಗಡಿಯ ಪಾಲಿನಿಂದ ತಿಂಗಳಿಗೆ ಎಷ್ಟು ಬರುತ್ತದೆ, ಮಕ್ಕಳ ಓದು ಮುಗಿಯುವವರೆಗೆ ಯಾರು ನೋಡಿಕೊಳ್ಳುತ್ತಾರೆ ಎಂಬುದೆಲ್ಲ ನೋಂದಾಯಿತ ಪತ್ರವಾದ ಮೇಲೆ ದೀಕ್ಷೆಯ ದಿನಾಂಕವನ್ನು ಗೊತ್ತುಮಾಡಲಿ. ಕೆಲವು ಸಂಘಗಳ ಆಚಾರ್ಯರು ಈ ವಿವರಗಳನ್ನು ತಾವೇ ವಿಚಾರಿಸಿದ ನಂತರವಷ್ಟೇ ಒಪ್ಪಿಗೆ ನೀಡುವುದುಂಟು. ಮಾತಿಗೆ ಕುಳಿತ ಹೆಂಡತಿಯು ಎರಡು ದಿನ ಸಮಯ ಬೇಕೆಂದರೆ ಅವರು ಎರಡು ದಿನ ಕಾಯುತ್ತಾರೆ.